ನೋಡೀನಿ ಕಾಕಾ

ಯಾದಗಿರಿ ಕಡೆ ಹತ್ತು-ಹನ್ನೆರಡು ಮಂದಿ ಸೇರಿ ಒಂದು ದಿನದ ತಿರುಗಾಟಕ್ಕೆ ಕ್ರೂಸರ್ ಗೊತ್ತು ಮಾಡಿದರೆಂದರೆ, ಡ್ರೈವರ್ ಬಾಜೂ ಸೀಟು ಒಬ್ಬರಿಗೆ ಮೀಸಲು. ಯಾರೂ ಮೀಸಲಿಟ್ಟಿರುವುದಿಲ್ಲ. ಎಲ್ಲರಿಗಿಂತ ಅರ್ಧ ತಾಸು ಮೊದಲೇ ಬಂದು ಅವರೇ ಕೂತುಬಿಟ್ಟಿರುತ್ತಾರೆ. ಬಿಳಿ ಅಂಗಿ, ಬಿಳಿ ಧೋತರ, ಹೆಗಲ ಮೇಲೆ ಟವೆಲ್, ತೊಡೆಯ ಮೇಲೊಂದು ಕೈಚೀಲ. ಚೀಲದಲ್ಲಿ ಕಟಿ ರೊಟ್ಟಿ, ಶೇಂಗಾ ಹಿಂಡಿ, ಎಲೆ-ಅಡಿಕೆ ಡಬ್ಬಿ, ಬಿಪಿ ಗುಳಿಗೆ. ಪ್ರವಾಸಕ್ಕೆ ಬೇಕಾದದ್ದೆಲ್ಲ ಅವರ ಹತ್ತಿರ ಇರುತ್ತದೆ, ನೋಡುವ ಆಸೆಯೊಂದನ್ನು ಬಿಟ್ಟು. ಕೋಟೆ ಬಂತು, ಇಳಿಯಿರಿ ಕಾಕಾ ಎಂದರೆ ಸೀಟಿಗೆ ಇನ್ನಷ್ಟು ಒರಗುತ್ತಾರೆ.

"ನಾ ನೋಡೀನಿ. ನೀವ್ ನೋಡಿ ಬರ್ರಿ."

ಇವರು ಯಾರಿಗೋ ಸೋದರಮಾವ, ಯಾರಿಗೋ ಬೀಗರು, ಇನ್ನಾರಿಗೋ ನಿವೃತ್ತ ಹಿರಿಯ ಸಹೋದ್ಯೋಗಿ. ನಮ್ಮ ಪಾಲಿಗೆ ನೋಡೀನಿ ಕಾಕಾ. ಬರುವುದೇ ಬೇಡವಾಗಿದ್ದರೆ ಮನೆಯಲ್ಲಿರಬಹುದಿತ್ತಲ್ಲ ಎಂದು ಅವರನ್ನು ಬಲ್ಲವರು ಯಾರೂ ಕೇಳುವುದಿಲ್ಲ. ಪಟ್ಟಿ ಹಣ ಎಲ್ಲರಿಗಿಂತ ಮೊದಲು ಕೊಟ್ಟವರು ಅವರೇ. ಬೆಳಿಗ್ಗೆ ಐದಕ್ಕೆ ಫೋನು ಮಾಡಿ ಎಲ್ಲರನ್ನೂ ಎಬ್ಬಿಸಿದವರೂ ಅವರೇ. ಹೋಗುವುದು ಅವರಿಗೆ ಬಹಳ ಇಷ್ಟ, ತಲುಪಿದ ಮೇಲಿನದಷ್ಟೇ ಬೇಡ.

ಹಾಗೆಂದು ಕಾಕಾ ಸೋಮಾರಿಯಲ್ಲ. ವಿಜಯಪುರಕ್ಕೆ ಹೋದಾಗ ಗೋಲಗುಮ್ಮಟದ ಮೆಟ್ಟಿಲು ಹತ್ತಿ, ಗೋಡೆಗೆ ಬಾಯಿ ಹಚ್ಚಿ ಸ್ವಂತ ಹೆಸರನ್ನು ತಾವೇ ಕೂಗಿ, ಅದು ಮತ್ತೆ ಮತ್ತೆ ಮರಳಿ ಬರುವುದನ್ನು ಕಣ್ಣು ಮುಚ್ಚಿ ಕೇಳಿದವರು. ಅಲ್ಲಿ ಟಿಕೆಟ್ ಇತ್ತು, ಕೊಟ್ಟ ದುಡ್ಡು ವಸೂಲಾಗಬೇಕಲ್ಲ. ತಮ್ಮೂರಿನ ಗುಡ್ಡದ ವಿಷಯಕ್ಕೆ ಮಾತ್ರ ಇಷ್ಟು ಬಿಗುಮಾನ. ಹುಟ್ಟಿದಾಗಿನಿಂದ ಮನೆಯ ಮಾಳಿಗೆ ಮೇಲೆ ನಿಂತರೆ ಕಾಣುವ ಕೋಟೆಯನ್ನು ಮತ್ತೆ ಕಾಲಿನಿಂದ ನೋಡುವುದೇನು ಎಂಬುದು ಅವರ ವಾದ.

ಯಾದಗಿರಿ ಕೋಟೆ ಊರ ನಡುವೆಯೇ ಎದ್ದು ನಿಂತ ಬೋಳು ಗುಡ್ಡದ ಮೇಲಿದೆ. ಬಂಡೆಗಳ ಸಂದಿಯಲ್ಲಿ ಮೆಟ್ಟಿಲು, ಒಂದರ ಮೇಲೊಂದು ಸುತ್ತು ಗೋಡೆ, ಬಾಗಿಲು ದಾಟಿದರೆ ಇನ್ನೊಂದು ಬಾಗಿಲು. ಬಂಡೆಯಲ್ಲಿ ಕೊರೆದ ತೀರ್ಥಂಕರರು, ನೀರಿನ ಹೊಂಡ, ಗುಡಿ, ಮಸೀದಿ, ತುದಿಯ ಕೊತ್ತಳದಲ್ಲಿ ತೋಪು. ಒಂದು ಧರ್ಮದ ಮೇಲೆ ಇನ್ನೊಂದು, ಒಂದು ರಾಜ್ಯದ ಮೇಲೆ ಮತ್ತೊಂದು ಬಂದು ಕೂತು ಹೋದ ಗುರುತು ಹೆಜ್ಜೆಹೆಜ್ಜೆಗೂ ಸಿಗುತ್ತದೆ. ಬಿಸಿಲೇರುವ ಮುಂಚೆ ಹತ್ತಬೇಕು. ಏರಿದ ಮೇಲೆ ಇಲ್ಲಿನ ಕಲ್ಲು ಚಪ್ಪಲಿಯನ್ನೂ ಕೇಳುವುದಿಲ್ಲ. ನಾವು ಏದುಸಿರು ಬಿಡುತ್ತ ಇಳಿದು ಬರುವ ಹೊತ್ತಿಗೆ ಕಾಕಾ ಕೆಳಗೆ ಬಂಡಿಯ ಹತ್ತಿರ ಸುಸಲಾ, ಮಿರ್ಚಿ ಮುಗಿಸಿ ಎರಡನೇ ಚಹಾಕ್ಕೆ ಕೈಚಾಚಿದ್ದರು.

"ಏನ್ ನೋಡಿದ್ರಿ?"

ತೋಪು ನೋಡಿದೆವು ಎಂದೆವು.

"ಅದ ಅಲ್ಲೇ ಅದಾ ಇನ್ನಾ?" ಯಾರೋ ಹಳೆಯ ಪರಿಚಯದವರ ಯೋಗಕ್ಷೇಮ ವಿಚಾರಿಸಿದ ಧಾಟಿ. ನಮ್ಮಲ್ಲೊಬ್ಬ ಕಾಲೇಜು ಹುಡುಗ ಇದ್ದ, ಸುಮ್ಮನಿರುವ ಪೈಕಿ ಅಲ್ಲ. "ಕಾಕಾ, ನೀವು ಕಡೀಗೆ ಹತ್ತಿದ್ದು ಯಾವಾಗ್ರಿ?" ಎಂದ.

"ಯಾವಾಗಂದ್ರ? ಎಷ್ಟ್ ಸಲ ಹತ್ತೀನೋ ಲೆಕ್ಕಿಲ್ಲ ತಮ್ಮಾ."

ಈ ಉತ್ತರವನ್ನು ಗಮನದಲ್ಲಿಟ್ಟುಕೊಳ್ಳಬೇಕು. ಬೆಳಗಿನ ಎಂಟು ಗಂಟೆಯ ಉತ್ತರ ಇದು. ದಿನ ಕಳೆದಂತೆ ಇದು ಸೊರಗುತ್ತ ಹೋಗುತ್ತದೆ.

ಊರು ಬಿಟ್ಟ ಕೂಡಲೇ ಭೀಮಾ ನದಿಯ ಸೇತುವೆ. ನಾವೆಲ್ಲ ಫೋನು ಹೊರಗೆ ತೆಗೆದೆವು. ಕಾಕಾ ಕಿಟಕಿ ಇಳಿಸಿ ಒಂದು ನಾಣ್ಯ ನೀರಿಗೆಸೆದು ಕೈ ಮುಗಿದು ಮತ್ತೆ ಕಿಟಕಿ ಏರಿಸಿದರು. ಸೇತುವೆ ದಾಟಿದಲ್ಲಿಂದ ಅವರ ನಿಜವಾದ ಪ್ರವಾಸ ಶುರು. ಕೋಟೆಗಳ ನಡುವೆ ಬರುವ, ನಮ್ಮ ಕಣ್ಣಿಗೆ ಬರೀ ಹೊಲ ಮತ್ತು ಜಾಲಿಯಾಗಿ ಕಾಣುವ ದಾರಿ ಇದೆಯಲ್ಲ, ಅದೇ ಅವರ ವಸ್ತುಸಂಗ್ರಹಾಲಯ. ಈ ಊರಿಗೆ ನಮ್ಮ ಅತ್ತಿಯನ್ನು ಕೊಟ್ಟಿತ್ತು, ಆ ಊರಾಗ ಹೆಣ್ಣು ಕೊಡಬಾರದು, ನೀರು ಉಪ್ಪು. ಮೊದಲು ಇದೆಲ್ಲ ಜೋಳ, ತೊಗರಿ, ಶೇಂಗಾ. ನಾರಾಯಣಪುರ ಎಡದಂಡೆ ಕಾಲುವೆ ಬಂದ ಮೇಲೆ ಗದ್ದೆ. ಕೃಷ್ಣೆಗೆ ಬಸವಸಾಗರ ಕಟ್ಟಿ ಮುಗಿದದ್ದು 1982ರಲ್ಲಿ ಎಂದು ನಾನು ಪುಸ್ತಕದಿಂದ ಹೇಳಿದರೆ, ಯಾವ ಉಪಕಾಲುವೆಗೆ ಈ ವಾರ ವಾರಾಬಂದಿ, ಕೊನೆಯ ಹೊಲಕ್ಕೆ ನೀರು ಯಾಕೆ ಮುಟ್ಟುವುದಿಲ್ಲ, ರಾತ್ರಿ ಯಾರು ತೂಬು ತಿರುವುತ್ತಾರೆ ಎಂಬುದನ್ನು ಕಾಕಾ ಊರ ಹೆಸರು ಸಮೇತ ಹೇಳುತ್ತಾರೆ. ಮನುಷ್ಯರ ಹೆಸರನ್ನೂ ಹೇಳಿದರು, ಇಲ್ಲಿ ಬರೆಯುವ ಹಾಗಿಲ್ಲ.

ಶಹಾಪುರ ಹತ್ತಿರವಾದಾಗ ಎಲ್ಲರೂ ಎಡಬಲ ಹುಡುಕತೊಡಗಿದೆವು. ಮಲಗಿದ ಬುದ್ಧನ ಗುಡ್ಡ ಯಾರೂ ಕೆತ್ತಿದ್ದಲ್ಲ. ಗುಡ್ಡಗಳ ಸಾಲು ತಾನಾಗಿಯೇ ಹಣೆ, ಮೂಗು, ಗಲ್ಲ, ಎದೆಯಾಗಿ ಅಂಗಾತ ಮಲಗಿದೆ. ಇದರ ಸೊಗಸೇನೆಂದರೆ ದೂರದಿಂದ ನೋಡಿದರೆ ಮಾತ್ರ ಬುದ್ಧ. ಹತ್ತಿರ ಹೋದಿರೋ, ಕಲ್ಲು. ಮೇಲೆ ಹತ್ತಿದವನಿಗಂತೂ ಏನೂ ಕಾಣುವುದಿಲ್ಲ. ಕಾಕಾನ ತತ್ವಕ್ಕೆ ಪ್ರಕೃತಿಯೇ ಸಾಕ್ಷಿ ನುಡಿದ ಜಾಗ ಇದು.

"ನೋಡ್ರಿ, ಇಳೀಬ್ಯಾಡ್ರಿ, ಇಳದ್ರ ಕೆಡ್ತದ. ಕುಂತಲ್ಲೇ ಛಲೋ ಕಾಣ್ತದ," ಎಂದು ಅಂದು ಮೊದಲ ಸಲ ಮಾರ್ಗದರ್ಶಕರಾದರು. ಡ್ರೈವರ್‌ಗೆ ಹೇಳಿ ಗಾಡಿಯನ್ನು ಹಿಂದೆ ತೆಗೆಸಿ, ಮುಂದೆ ತೆಗೆಸಿ, ಮೂಗು ನೆಟ್ಟಗೆ ಕಾಣುವ ಜಾಗದಲ್ಲಿ ನಿಲ್ಲಿಸಿದರು. ಕಾಲೇಜು ಹುಡುಗ ಇಳಿದು ರೀಲ್ಸ್ ಮಾಡಲು ಹೊಲಕ್ಕೆ ಓಡಿದ. ಬುದ್ಧ ಅವನ ತಲೆಯ ಹಿಂದೆ ಅಡಗಿಹೋದ. ಆ ವಿಡಿಯೋದಲ್ಲಿ ಈಗಲೂ ಹುಡುಗ ಮತ್ತು ತೊಗರಿ ಮಾತ್ರ ಇದ್ದಾರೆ.

ಶಹಾಪುರದ ಗುಡ್ಡದ ಕೋಟೆಯ ಬುಡದಲ್ಲಿ ವಿಚಾರಣೆ ಮತ್ತೆ ನಡೆಯಿತು. ಯಾದಗಿರಿ ಕೋಟೆಯ ತೋಪು ಯಾವ ದಿಕ್ಕಿಗೆ ಮುಖ ಮಾಡಿದೆ ಎಂದು ಹುಡುಗ ಕೇಳಿದ. ಕಾಕಾ ಎಲೆಗೆ ಸುಣ್ಣ ಹಚ್ಚುವುದರಲ್ಲಿ ತುಂಬ ಹೊತ್ತು ಮಗ್ನರಾದರು. "ಒಮ್ಮೆ ಹೋಗಿದ್ದೆ ಬಿಡೋ ಮಾರಾಯಾ, ಸಾಲ್ಯಾಗಿದ್ದಾಗ. ಆವಾಗ ದಿಕ್ಕು ಯಾವ ನೋಡ್ತಾನ?" ಲೆಕ್ಕವಿಲ್ಲದ್ದು ಒಂದಕ್ಕೆ ಇಳಿಯಿತು. ಹೊತ್ತು ಇನ್ನೂ ಹನ್ನೊಂದಾಗಿರಲಿಲ್ಲ.

ಸುರಪುರ ಬೇರೆ ತರದ ಊರು. ಗುಡ್ಡಗಳ ನಡುವೆ ಬಚ್ಚಿಟ್ಟ ಹಾಗಿದೆ, ಅಲ್ಲಿನ ಕಥೆಯೂ ಸುಲಭಕ್ಕೆ ಬಿಟ್ಟುಕೊಡುವುದಿಲ್ಲ. ಬೇಡ ನಾಯಕರ ಸಂಸ್ಥಾನ. ಇಲ್ಲಿಗೆ 1841ರಲ್ಲಿ ಬಂದ ಮೆಡೋಸ್ ಟೇಲರ್, ಬಾಲಕ ದೊರೆ ವೆಂಕಟಪ್ಪ ನಾಯಕನ ಪರವಾಗಿ ಆಡಳಿತ ನೋಡಿಕೊಂಡು 1853ರಲ್ಲಿ ಹೊರಟುಹೋದ. ದೊರೆ ಅವನನ್ನು 'ಅಪ್ಪಾ' ಎಂದೇ ಕರೆಯುತ್ತಿದ್ದನಂತೆ, ಟೇಲರ್ ತನ್ನ ಆತ್ಮಕಥೆಯಲ್ಲಿ ಬರೆದುಕೊಂಡಿದ್ದಾನೆ. ಐದೇ ವರ್ಷದಲ್ಲಿ ಅದೇ ಹುಡುಗ ಕಂಪನಿ ಸರಕಾರದ ಮೇಲೆ ತಿರುಗಿಬಿದ್ದ, ಸೋತ, ಸೆರೆಯಾದ. 1858ರಲ್ಲಿ ಸೆರೆಯಲ್ಲಿರುವಾಗಲೇ ಗುಂಡು ತಗುಲಿ ತೀರಿಕೊಂಡ. ನಾನು ಇದನ್ನು ಅರಮನೆಯ ಮುಂದೆ ನಿಂತು ಸ್ವಲ್ಪ ಗಂಟಲು ತುಂಬಿಕೊಂಡೇ ಹೇಳುತ್ತಿದ್ದೆ. ಕಾಕಾ ಗಾಡಿಯೊಳಗಿಂದ ತಿದ್ದಿದರು.

"ಟೇಲರ್ ಬಂಗಲಾ ಮಾಡಿದಾಂವ ಶಾಣ್ಯಾ. ಗಾಳಿ ಎಲ್ಲಿಂದ ಬರ್ತದ ನೋಡಿ ಕಟ್ಯಾನ. ನಮ್ಮ ಮಂದಿ ವಾಸ್ತು ನೋಡಿ ಕಿಟಕಿ ಮುಚ್ಚತಾರ."

ಟೇಲರ್ ಮಂಜಿಲ್ ಗುಡ್ಡದ ಮೇಲಿದೆ, ಪ್ರವಾಸಿ ಮಂದಿರವಾಗಿ ಉಳಿದುಕೊಂಡಿದೆ. ಕಾಕಾ ಅದರ ಒಳಗೆ ಕಾಲಿಟ್ಟವರಲ್ಲ. ಆದರೆ ಯಾವ ಸಾಹೇಬರು ಬಂದು ಇಳಿದರೆ ಊಟಕ್ಕೆ ಏನು ಹೇಳಿಸುತ್ತಾರೆ, ಯಾರು ಪುಂಡಿಪಲ್ಯ ಕೇಳಿ ತಿಂದರು, ಯಾರು ಜ್ವಾಳದ ರೊಟ್ಟಿ ಮುರಿಯಲು ಬಾರದೆ ಚಮಚ ಕೇಳಿದರು ಎಂಬ ಇತಿಹಾಸ ಟೇಲರ್‌ನ ಕಾಲದ ನಂತರ ಎಲ್ಲಿ ನಿಂತಿತ್ತೋ ಅಲ್ಲಿಂದ ಅವರು ಮುಂದುವರಿಸಿದರು. ನಿಜ ಹೇಳಬೇಕೆಂದರೆ ನಮ್ಮ ಗುಂಪು ನನ್ನನ್ನು ಬಿಟ್ಟು ಮೆಲ್ಲಗೆ ಅವರ ಕಿಟಕಿಯ ಕಡೆ ಸರಿಯಿತು. ವೇಣುಗೋಪಾಲಸ್ವಾಮಿ ಗುಡಿಯನ್ನು ನಾನು ಒಬ್ಬನೇ ನೋಡಿ ಬಂದೆ.

ಬೋನಾಳ ಪಕ್ಷಿಧಾಮಕ್ಕೂ ಹೋದೆವು. ದೊಡ್ಡ ಕೆರೆ, ದೂರದಲ್ಲಿ ಹಕ್ಕಿ, ನಮ್ಮಲ್ಲಿ ದುರ್ಬೀನು ಇಲ್ಲ. "ಹಕ್ಕಿ ನಮ್ಮ ಹೊಲಕ್ಕ ತಾವ ಬರ್ತಾವ, ಜ್ವಾಳ ತಿನ್ನಾಕ," ಎಂದರು ಕಾಕಾ. ಅಷ್ಟರಲ್ಲಿ ಆ ವಿಷಯ ಮುಗಿಯಿತು.

ಆದರೆ ವಾಗಿನಗೇರಾದ ವಿಷಯದಲ್ಲಿ ಕಾಕಾ ನನ್ನನ್ನು ಪೂರ್ತಿ ಸೋಲಿಸಿದರು. ಸುರಪುರದ ಹತ್ತಿರದ ಈ ಕೋಟೆಗೆ ಔರಂಗಜೇಬ 1705ರಲ್ಲಿ ತಾನೇ ಖುದ್ದಾಗಿ ಬಂದು ಮುತ್ತಿಗೆ ಹಾಕಿದ್ದ. ಎಂಬತ್ತಾರು ದಾಟಿದ ಬಾದಶಹ, ದೊಡ್ಡ ಸೈನ್ಯ, ಎದುರಿಗೆ ಬೇಡರ ಪಿಡ್ಡ ನಾಯಕ. ತಿಂಗಳುಗಟ್ಟಲೆ ಕಾದಾಟ. ಕೊನೆಗೆ ನಾಯಕ ರಾತ್ರೋರಾತ್ರಿ ತನ್ನ ಮಂದಿಯೊಂದಿಗೆ ಜಾರಿಕೊಂಡ. ಮೊಗಲರು ಒಳಗೆ ನುಗ್ಗಿ ನೋಡಿದರೆ ಕೋಟೆ ಖಾಲಿ. ಬಾದಶಹ ತಾನೇ ಮುಂದೆ ನಿಂತು ನಡೆಸಿದ ಕೊನೆಯ ಮುತ್ತಿಗೆ ಅದು. ಆಮೇಲೆ ದೇವಾಪುರದ ಬಿಡಾರದಲ್ಲಿ ಕಾಯಿಲೆ ಬಿದ್ದು, 1707ರಲ್ಲಿ ಅಹಮದ್‌ನಗರದಲ್ಲಿ ತೀರಿಕೊಂಡ. ಇಷ್ಟೂ ಹೇಳಿ, ಈಗಲಾದರೂ ಇಳಿದು ಬನ್ನಿ ಕಾಕಾ, ಎಂಥ ಜಾಗ ಇದು ಎಂದೆ.

"ಅದಕ್ಕ ಹೇಳ್ತೀನ್ರಿ. ಅಂಥಾ ದಿಲ್ಲಿ ಬಾದಶಾ ಬಂದಾ, ಹತ್ತಿದಾ. ಏನ್ ಸಿಕ್ತ್ರಿ ಅವಗ? ಖಾಲಿ ಕೋಟಿ. ಮ್ಯಾಲ ಜಡ್ಡು. ಅವ ಹತ್ತೋದ ಬಿಟ್ಟು ಕೆಳಗ ಚಾ ಕುಡುದು ಹೋಗಿದ್ರ ಇನ್ನಾ ನಾಕ ವರ್ಷ ಇರ್ತಿದ್ದಾ."

ಆ ಯುದ್ಧದ ಬಗ್ಗೆ ನಾನು ಓದಿದ ಯಾವ ಇತಿಹಾಸಕಾರನೂ ಇಷ್ಟು ಕಡಿಮೆ ಮಾತಿನಲ್ಲಿ ತೀರ್ಪು ಕೊಟ್ಟಿಲ್ಲ. ಗಾಡಿಯಲ್ಲಿ ಚಪ್ಪಾಳೆ ಬಿತ್ತು. ಬಹುಮತ ಸೇರಿ ಕೋಟೆಯನ್ನು ದೂರದಿಂದಲೇ ನೋಡಿ ಮುಂದೆ ಹೋಗುವುದೆಂದು ನಿರ್ಣಯವಾಯಿತು. ಕಾಯಿಲೆ ಇದು, ಅಂಟುತ್ತದೆ.

ಇಳಿಹೊತ್ತಿಗೆ ತಿಂಥಣಿ. ಇಲ್ಲಿ ಕಾಕಾ ಎಲ್ಲರಿಗಿಂತ ಮೊದಲು ಇಳಿದರು. ಗಾಡಿ ಪೂರ್ತಿ ನಿಂತಿರಲಿಲ್ಲ. ಮೌನೇಶ್ವರನ ಸನ್ನಿಧಿಯಲ್ಲಿ ನೋಡೀನಿ ಎನ್ನುವ ಮಾತೇ ಬರುವುದಿಲ್ಲ, ಎಷ್ಟು ಸಲ ಬಂದರೂ ದರ್ಶನ ಹೊಸದೇ. ಹಿಂದೂಗಳೂ ಮುಸ್ಲಿಮರೂ ಒಟ್ಟಿಗೆ ನಡೆದುಕೊಳ್ಳುವ ಜಾಗ. ಟವೆಲ್ ಸೊಂಟಕ್ಕೆ ಸುತ್ತಿ, ಧೋತರ ಎತ್ತಿ ಕಟ್ಟಿ, ಕೃಷ್ಣೆಗೆ ಮೊಣಕಾಲುದ್ದ ಇಳಿದು ಮುಖಕ್ಕೆ ನೀರು ಹಾಕಿಕೊಂಡರು. ಮೇಲಿನಿಂದ ನೀರು ಬಿಟ್ಟಿದ್ದರು, ಹೊಳೆ ಅಗಲವಾಗಿತ್ತು. ಬಂಡೆಗಳ ನಡುವೆ ಹರಡಿಕೊಂಡ ನೀರನ್ನು ನೋಡಿ ನಮ್ಮ ಜೊತೆಗಿದ್ದ ಒಂದು ಮಗು ಸಮುದ್ರ ಎಂದಿತು. ಸಮುದ್ರ ಕಾಣಬೇಕೆಂದರೆ ನಮ್ಮಿಂದ ಕಾರವಾರಕ್ಕೇ ಹೋಗಬೇಕು, ಒಂದು ದಿನದ ಪಟ್ಟಿಯಲ್ಲಿ ಆಗುವ ಕೆಲಸವಲ್ಲ. ಕಾಕಾ ಮಗುವನ್ನು ತಿದ್ದಲಿಲ್ಲ. ಕಣ್ಣು ಕಿರಿದು ಮಾಡಿ ನೀರನ್ನು ಅಳೆದು, "ಸಾಠ್-ಸತ್ತರ್ ಸಾವಿರ ಕ್ಯುಸೆಕ್ ಇರ್ಬೇಕು" ಎಂದರು. ಹುಡುಗ ಫೋನಿನಲ್ಲಿ ಹುಡುಕಿದ. ನೆಟ್‌ವರ್ಕ್ ಇರಲಿಲ್ಲ. ಕಾಕಾನ ಲೆಕ್ಕವೇ ಅಂತಿಮವಾಯಿತು.

ನೀರಲ್ಲಿ ನಿಂತಾಗ ಮನುಷ್ಯ ಸ್ವಲ್ಪ ಸಡಿಲಾಗುತ್ತಾನೇನೋ. ಹುಡುಗ ಮೆಲ್ಲಗೆ ಮತ್ತೆ ಕೇಳಿದ. ಕಾಕಾ ಅತ್ತಿತ್ತ ನೋಡಿ ಹೇಳಿದರು: "ಆ ಒಂದ್ ಸಲಾನೂ ಪೂರಾ ಹತ್ತಿಲ್ಲೋ ತಮ್ಮಾ. ಎರಡನೇ ಅಗಸಿ ಮುಟ್ಟೂದ್ರಾಗ ನಮ್ಮಪ್ಪ ಹುಡುಕ್ಕೋತ ಬಂದಾ. ಸಾಲಿ ತಪ್ಪಿಸಿ ಹೋಗಿದ್ವಿ. ಅಲ್ಲಿಂದ ಮನಿ ತನಕ ಹೊಡಕೋತ ತಂದಾ."

ವಾಪಸು ಬರುವಾಗ ಕತ್ತಲಾಗಿತ್ತು. ಹಿಂದಿನ ಸೀಟಿನವರೆಲ್ಲ ಒಬ್ಬರ ಹೆಗಲ ಮೇಲೊಬ್ಬರು ಮಲಗಿದ್ದರು. ನೆಟ್‌ವರ್ಕ್ ಬಂದ ಕೂಡಲೇ ಕಾಕಾನ ಫೋನು ಬಡಿಯಿತು. ಮನೆಯಿಂದ. ಅವರು ಸ್ಪೀಕರ್‌ನಲ್ಲೇ ಮಾತಾಡುವವರು.

"ಹ್ಞೂಂ, ಎಲ್ಲಾ ಆತು. ಯಾದಗಿರಿ ಕೋಟಿ ಹತ್ತಿದ್ವಿ. ಏನ್ ಗಾಳಿ ಅಂತೀ ಮ್ಯಾಲ! ತೋಪು ಅದ, ಹೊಂಡ ಅದ, ಬಂಡಿಮ್ಯಾಲ ಜೈನರ ದೇವ್ರು ಕೆತ್ಯಾರ. ಹುಡುಗ್ರಿಗೆ ದಮ್ ಹತ್ತಿತ್ತು, ನಾನೇ ಕೈ ಹಿಡದು ಹತ್ತಿಸ್ದೆ. ಸುರಪುರದಾಗ ಅರಮನಿ. ವಾಗಿನಗೇರಿಯಾಗ ಔರಂಗಜೇಬನ ಕತಿ ಇವ್ರಿಗೆ ಒಬ್ರಿಗೂ ಗೊತ್ತಿಲ್ಲ, ಎಲ್ಲಾ ನಾನೇ ಹೇಳಬೇಕಾತು."

ಹುಡುಗನಿಗೆ ಎಚ್ಚರವಿತ್ತು. ಬಾಯಿ ತೆರೆದ. ನಾನು ಅವನ ಕಾಲು ತುಳಿದೆ.

"ಊಟ ಬ್ಯಾಡ, ರೊಟ್ಟಿ ತಿಂದೀನಿ. ಒಂದ್ ಕೆಲಸ ಮಾಡು, ಎಣ್ಣಿ ಕಾಸಿಡು. ಹತ್ತಿ ಇಳದು, ಹತ್ತಿ ಇಳದು ಮೊಣಕಾಲು ಹಿಡಕೊಂಡಾವ."