ವಾಟರ್ ಪೋಲು

(ರಾಯಚೂರು ಬಸ್ ನಿಲ್ದಾಣದ ಹೊರಗೆ ಒಗ್ಗರಣಿ-ಮಿರ್ಚಿ ಅಂಗಡಿ. ಮೇ ತಿಂಗಳು. ಬೆಳಿಗ್ಗೆ ಒಂಬತ್ತಕ್ಕೇ ಬೆಂಚು ಸುಡುತ್ತಿದೆ. ಮಾನ್ವಿ ಬಸ್ಸಿಗೆ ಕಾದಿರುವವರು ಮೂವರು: ರೈತ ಮಲ್ಲಪ್ಪ, ಹಾಸ್ಟೆಲ್ಲಿನಿಂದ ಊರಿಗೆ ಹೊರಟ ಮಗಳು ರೇಣುಕಾ, ಮಲ್ಲಪ್ಪನ ತಾಯಿ ಶರಣವ್ವ. ದೇವದುರ್ಗದ ಬಸ್ಸಿಗೆ ಕಾದಿರುವವರು ಮಲ್ಲಪ್ಪನ ಅಕ್ಕನ ಗಂಡ ಅಮರಪ್ಪ. ಎರಡೂ ಬಸ್ಸು ಬರುವ ಲಕ್ಷಣವಿಲ್ಲ. ರೇಣುಕಾಳ ಕೈಯಲ್ಲಿ ಒಂದು ಫಾರ್ಮು, ಒಂದು ಪೆನ್ನು.)

ರೇಣುಕಾ: ಅಪ್ಪಾ, ಇಲ್ಲಿ ಒಂದು ಸೈ ಹಾಕು.

ಮಲ್ಲಪ್ಪ: ಸೊಸೈಟಿ ಸಾಲದ್ದೇನು?

ರೇಣುಕಾ: ಅಲ್ಲಪ್ಪಾ. ಸೂಟಿಯೊಳಗ ಬೆಂಗಳೂರಾಗ ಚಿಗವ್ವನ ಮನ್ಯಾಗ ಇದ್ದು ಈಜು ಕಲೀತೀನಿ. ಆಮ್ಯಾಲ ವಾಟರ್ ಪೋಲೋ ಆಡ್ತೀನಿ.

ಮಲ್ಲಪ್ಪ: (ಮಿರ್ಚಿ ಕೆಳಗಿಟ್ಟು) ವಾಟರ್ ಪೋಲು? ಯವ್ವಾ, ನೀರು ಪೋಲು ಮಾಡಬ್ಯಾಡ್ರಿ ಅಂತ ಗ್ವಾಡಿ ಗ್ವಾಡಿಗೆ ಬರಿಸ್ಯಾರ. ನೀ ಅದನ್ನೇ ಕಲಿಯಾಕ ಹೊಂಟೀದಿ, ಮ್ಯಾಲ ಫೀಸು ಬ್ಯಾರೆ?

ಅಮರಪ್ಪ: ಮಲ್ಲಪ್ಪ, ಅದನ್ನ ಕಲಿಯಾಕ ಬೆಂಗಳೂರೇ ಸರಿ ಬಿಡು. ಕುಡಿಯೋ ನೀರಿಲೆ ಕಾರು ತೊಳೀತಾರ ಅಲ್ಲಿ.

ರೇಣುಕಾ: ಪೋಲು ಅಲ್ಲ ಮಾಮಾ, ಪೋಲೋ.

ಅಮರಪ್ಪ: ಕುದುರಿ ಮ್ಯಾಲ ಕುಂತು ಆಡ್ತಾರಲ್ಲ, ಅದಾ?

ರೇಣುಕಾ: ಇದ್ರಾಗ ಕುದುರಿ ಇಲ್ಲ. ಕುದುರಿ ಕೆಲಸಾನೂ ಆಡೋರೇ ಮಾಡಬೇಕು. ಒಂದೊಂದು ಕಡೆ ಏಳು ಮಂದಿ. ಅದರಾಗ ಒಬ್ಬಾಕಿ ಗೋಲಿ. ಎಂಟೆಂಟು ನಿಮಿಷದ್ದು ನಾಕು ಪಾಳಿ. ಆಳದ ನೀರು, ಕಾಲು ನೆಲಕ್ಕ ಹತ್ತಂಗಿಲ್ಲ. ಗೋಲಿ ಬಿಟ್ಟು ಉಳಿದೋರು ಚೆಂಡು ಹಿಡಿಯೋದಾದ್ರ ಒಂದೇ ಕೈ.

ಶರಣವ್ವ: ಮತ್ತ ಮುಳಗಲ್ಲೇನು?

ರೇಣುಕಾ: ಕಾಲು ಕಡಗೋಲಿನಂಗ ತಿರುವ್ತಾರ ಆಯಿ. ಒಂದು ಈ ಕಡಿ, ಒಂದು ಆ ಕಡಿ. ಸೊಂಟದ ತನಾ ಮ್ಯಾಲ ಎದ್ದು ಚೆಂಡು ಹೊಡೀತಾರ.

ಶರಣವ್ವ: ಅರ್ಧ ತಾಸು ಕಡದ್ರ ಬೆಣ್ಣಿನರ ಬರಬೇಕು.

ರೇಣುಕಾ: ಪದಕ ಬರ್ತದ. ಆದ್ರ ಆಟದ ಖರೇ ಮಜಾ ನೀರಿನ ಕೆಳಗ ಅದ. ಮ್ಯಾಲ ನಗತಿರ್ತಾರ, ಕೆಳಗ ಕಾಲು ಒದೀತಿರ್ತಾರ, ಅರಬಿ ಹಿಡಿದು ಜಗ್ಗತಿರ್ತಾರ. ದಂಡಿಮ್ಯಾಲ ನಿಂತ ಅಂಪೈರಿಗೆ ಅರ್ಧಕ್ಕರ್ಧ ಕಾಣಂಗಿಲ್ಲ.

ಮಲ್ಲಪ್ಪ: (ಎದ್ದು ನಿಂತು) ತಡಿ, ತಡಿ. ಮ್ಯಾಲ ನಗತಾರ, ಕೆಳಗ ಜಗ್ಗತಾರ, ಅಂಪೈರಿಗೆ ಕಾಣಂಗಿಲ್ಲ? ಇದು ನಮ್ಮ ತುಂಗಭದ್ರಾ ಎಡದಂಡಿ ನಾಲಾ! ಮುನಿರಾಬಾದಿನಾಗ ಚೆಂಡು ಬಿಡ್ತಾರ. ಗಂಗಾವತಿಯೋರು ಹಿಡೀತಾರ, ಸಿಂಧನೂರಿನೋರು ಹಿಡೀತಾರ, ರಾತ್ರಿ ಪೈಪು ಇಟ್ಟು ಕೆಳಗಿಂದ ಜಗ್ಗತಾರ. 69ನೇ ಮೈಲಿಗೆ ಬರೋದ್ರಾಗ ನೀರಿನ ಗೇಜ್ ಇಲ್ಲ, ಚೆಂಡೂ ಇಲ್ಲ. ಟೈಲೆಂಡಿನ ನಾವು ಗೋಲಿ ಹಂಗ ಎರಡೂ ಕೈ ಚಾಚಿ ನಿಂತೀವಿ. ಬೆಂಗಳೂರಿಗೆ ಯಾಕ ಹೋಗ್ತಿ? ಇಡೀ ಜಿಲ್ಲೆ ಆಡ್ತದ ಇದನ್ನ.

ಅಮರಪ್ಪ: ನಮ್ಮ ಕೃಷ್ಣಾ ಕಡಿ ಹಂಗಿಲ್ಲಪ್ಪಾ. ನಾರಾಯಣಪುರದಾಗ ಬಿಟ್ರು ಅಂದ್ರ ಚೆಂಡು ಹಿಡಿಯೋದಲ್ಲ, ಹೂವಿನಹೆಡಗಿ ಬ್ರಿಜ್ ಹಿಡಿದು ಕುಂದ್ರಬೇಕು. ಆ ಬ್ರಿಜ್ಜೂ ಮುಳಗ್ತದ.

(ಇಲ್ಲಿ ಸ್ವಲ್ಪ ಹೊತ್ತು ಯಾವ ನದಿ ದೊಡ್ಡದು ಎಂಬ ವಾದ ನಡೆಯಿತು. ರಾಯಚೂರಿನಲ್ಲಿ ಇಬ್ಬರು ಭೇಟಿಯಾದರೆ ಇದು ತಪ್ಪದು. ಓದುಗರು ಆ ಹೊತ್ತಿನಲ್ಲಿ ಒಂದು ಚಾ ಕುಡಿಯಬಹುದು.)

ಶರಣವ್ವ: ನೀ ಯಾರನ್ನ ನೋಡಿ ಈ ಹುಚ್ಚು ಹಚ್ಚಿಗೊಂಡಿ?

ರೇಣುಕಾ: ಗ್ರೀಸ್ ದೇಶದಾಕಿ ಆಯಿ.

ಅಂಗಡಿಯವ: ಗ್ರೀಸಾ? ನಮ್ಮ ಮೋಟರಿಗೆ ಹಚ್ಚತೀವಲ್ಲ.

ರೇಣುಕಾ: ದೇಶದ ಹೆಸರು ಅಣ್ಣಾ. ಮೂರು ಕಡಿ ಸಮುದ್ರ. ಆಕಿ ಹೆಸರು ಆಂಟಿಗೊನಿ ರುಬೇಸಿ.

ಅಮರಪ್ಪ: ಆಂಟಿ, ಗೋಣಿ, ರುಬ್ಬಿಸಿ! ಹೆಸರಾಗೇ ಇಡೀ ಸಂಸಾರ ಅದಲ್ಲವ್ವಾ.

ರೇಣುಕಾ: ನಗಬ್ಯಾಡ್ರಿ ಮಾಮಾ. 1983ರಾಗ ಅಥೆನ್ಸಿನಾಗ ಹುಟ್ಟಿದಾಕಿ. 2004ರಾಗ ಅದೇ ಊರಾಗ ಒಲಿಂಪಿಕ್ಸ್ ಆದಾಗ ಆಕಿಗೆ 21. ಗಂಡಸರ ವಾಟರ್ ಪೋಲೋ 1900ರಿಂದ ಒಲಿಂಪಿಕ್ಸಿನಾಗ ಅದ. ಹೆಣ್ಮಕ್ಕಳನ್ನ ಬಿಟ್ಟುಕೊಂಡದ್ದು 2000ರಾಗ.

ಶರಣವ್ವ: ನೂರು ವರ್ಷ ಏನು ಮಾಡ್ತಿದ್ರಂತ?

ರೇಣುಕಾ: ಬರಬ್ಯಾಡ್ರಿ ಅಂತಿದ್ರು. ಆಸ್ಟ್ರೇಲಿಯಾದ ಆಟಗಾರ್ತಿಯರು ಜಗಳಾ ಮಾಡಿದ ಮ್ಯಾಲ ಸಿಡ್ನಿಯೊಳಗ ಬಾಗಿಲ ತೆಗೆದ್ರು. ನಾಕು ವರ್ಷಕ್ಕ ಈ ಗ್ರೀಸಿನೋರು ತಮ್ಮೂರಾಗ ಫೈನಲ್‌ಗೆ ಬಂದ್ರು. ಆಗಸ್ಟ್ 26, ಎದುರಿಗೆ ಇಟಲಿ. ಹೆಚ್ಚುವರಿ ಟೈಮ್ ಕೊಟ್ರು. 10-9. ಸೋತ್ರು.

ಮಲ್ಲಪ್ಪ: ಒಂದೇ ಗೋಲಿಗೆ? ಅರೆರೆ. ಕೊನೀ ನೀರು ತಪ್ಪಿ ಭತ್ತ ಜೊಳ್ಳಾದಂಗ ಆತಲ್ಲ.

(ಮಲ್ಲಪ್ಪ ಅರಿವಿಲ್ಲದೆ ಗ್ರೀಸಿನ ಕಡೆ ವಾಲಿದ್ದನ್ನು ಮಗಳು ಗಮನಿಸಿದಳು. ಫಾರ್ಮು ಒಂದಿಂಚು ಮುಂದೆ ಸರಿಯಿತು.)

ರೇಣುಕಾ: ಬೆಳ್ಳಿ ಬಂತು. ನಾಕು ವರ್ಷಕ್ಕ ಬೀಜಿಂಗಿನಾಗ ಎಂಟು ತಂಡ, ಗ್ರೀಸ್ ಎಂಟನೇದು.

ಅಮರಪ್ಪ: ಕಡೀಗೆ ಬಂದ್ರಾ? ಟೈಲೆಂಡು!

ರೇಣುಕಾ: ಕೇಳ್ರಿ. 2011ರಾಗ ಶಾಂಘಾಯಿಯೊಳಗ ವಿಶ್ವ ಚಾಂಪಿಯನ್‌ಷಿಪ್ ಫೈನಲ್. ಚೀನಾದೋರ ಊರು, ಚೀನಾದೋರ ಮಂದಿ, ಚೀನಾನೇ ಎದುರಿಗೆ. 9-8. ಗ್ರೀಸ್ ಗೆದ್ದಿತು, ರುಬೇಸಿ ಆ ತಂಡದಾಗೂ ಇದ್ಲು.

ಮಲ್ಲಪ್ಪ: ಭಲೇ! ಟೈಲೆಂಡಿಗೆ ನೀರು ಬಂತು ನೋಡು.

ರೇಣುಕಾ: ಮರುವರ್ಷ ಲಂಡನ್ ಒಲಿಂಪಿಕ್ಸ್. ಅದಕ್ಕ ಅರ್ಹತೆನೇ ಸಿಗಲಿಲ್ಲ.

ಅಮರಪ್ಪ: ಏನಂದಿ? ಲೋಕಕ್ಕೇ ಫಸ್ಟು, ಒಲಿಂಪಿಕ್ಸಿಗೆ ಇಲ್ಲಾ?

ರೇಣುಕಾ: ಅರ್ಹತಾ ಪಂದ್ಯದಾಗ ಎಡವಿದ್ರು. ಮತ್ತ ಒಲಿಂಪಿಕ್ಸಿನ ನೀರು ಮುಟ್ಟಿದ್ದು 2024ರ ಪ್ಯಾರಿಸಿನಾಗ. ಅಷ್ಟೊತ್ತಿಗೆ ಎಲ್ಲಾ ಹೊಸ ಹುಡುಗ್ಯಾರು. ಮರುವರ್ಷ ಸಿಂಗಪುರದಾಗ ಆ ಹುಡುಗ್ಯಾರು ಹಂಗೇರಿಗೆ 12-9 ಹೊಡೆದು ಮತ್ತ ವಿಶ್ವ ಚಾಂಪಿಯನ್ ಆದ್ರು.

ಅಮರಪ್ಪ: ಭತ್ತ ಬೆಳೆದಾಂವಗ ಅಕ್ಕಿ ಕಾರ್ಡು ರದ್ದಾಗಿ, ಹನ್ನೆರಡು ವರ್ಷಕ್ಕ ಮಗಳ ಹೆಸರಿಲೆ ಬಂದಂಗ. ಆಫೀಸು ಎಲ್ಲಾ ದೇಶದಾಗೂ ಒಂದೇ ನೋಡು.

ಮಲ್ಲಪ್ಪ: ಅವರದು ಬಿಡವ್ವಾ. ಸುತ್ತ ಸಮುದ್ರ, ಹುಟ್ಟತಾನೇ ಈಜತಾರ. ನಮ್ಮ ರಾಜ್ಯದ ಹೆಣ್ಮಗಳು ಒಬ್ಬಾಕಿನರ ಅಲ್ಲಿತನಾ ಹೋಗ್ಯಾಳೇನು?

ರೇಣುಕಾ: ಈಜಿನಾಗ ಹೋಗ್ಯಾರ. ಸಿಡ್ನಿಗೆ ಬೆಂಗಳೂರಿನ ನಿಶಾ ಮಿಲೆಟ್ ಹೋಗಿದ್ರು, 200 ಮೀಟರ್ ಫ್ರೀಸ್ಟೈಲ್. ಐದು ವರ್ಷದಾಕಿ ಇದ್ದಾಗ ಮುಳುಗಿ ಸಾಯೋದು ತಪ್ಪಿತ್ತಂತ. ಹೆದರಿಕಿ ಹೋಗ್ಲಿ ಅಂತ ಈಜು ಕಲಿಯಾಕ ಹಚ್ಚಿದ್ದು ಯಾರು ಗೊತ್ತೇನು? ಅವರಪ್ಪ.

ಮಲ್ಲಪ್ಪ: (ಬೇರೆ ಕಡೆ ನೋಡುತ್ತ) ಚಾ ಹೇಳ್ರಿ ಭಾವಾ.

ರೇಣುಕಾ: 1999ರ ರಾಷ್ಟ್ರೀಯ ಕ್ರೀಡಾಕೂಟದಾಗ 14 ಬಂಗಾರ ಆಕಿಗೆ. ಒಂದಲ್ಲ, ಎರಡಲ್ಲ.

ಅಮರಪ್ಪ: ಹಟ್ಟಿ ಗಣಿಯಾಗ ಅಷ್ಟು ಸಿಗಬೇಕಂದ್ರ ಭೂಮಿ ಎಷ್ಟು ಅಗೀಬೇಕು!

ರೇಣುಕಾ: ಅಥೆನ್ಸಿಗೆ ಶಿಖಾ ಟಂಡನ್, ಅವರೂ ಬೆಂಗಳೂರಿನಾಕಿನೇ. 50 ಮೀಟರ್, 100 ಮೀಟರ್ ಎರಡರಾಗೂ ಈಜಿದ್ರು. ರುಬೇಸಿ ಬೆಳ್ಳಿ ಗೆದ್ದ ಅದೇ ಆಗಸ್ಟ್, ಅದೇ ಊರು. ಮರುವರ್ಷ ಅರ್ಜುನ ಪ್ರಶಸ್ತಿ. ಇನ್ನ ಪ್ಯಾರಿಸಿಗೆ ಧಿನಿಧಿ ದೇಸಿಂಗು. ಆಗ 14 ವರ್ಷ ಆಕಿಗೆ, ನನಗಿಂತ ಸಣ್ಣಾಕಿ. ಸಣ್ಣಾಕಿದ್ದಾಗ ನೀರು ಕಂಡ್ರ ಅಂಜತಿದ್ಲಂತ.

ಅಮರಪ್ಪ: ಒಂದು ಮಾತು ಹೇಳ್ಲಾ? ಬೆಂಗಳೂರಾಗ ನಾ ನಾಕು ವರ್ಷ ಸೆಂಟ್ರಿಂಗ್ ಕೆಲಸ ಮಾಡೀನಿ. ದೇವದುರ್ಗದ ಅರ್ಧ ಮಂದಿ ಗುಳೆ ಹೋಗೋದು ಅಲ್ಲಿಗೇ. ಆ ಊರಿಗೆ ಒಂದು ಹೊಳಿ ಇಲ್ಲ. ಕಾವೇರಿನ ಪೈಪಿನಾಗ ತುಂಬಿ ತರ್ತಾರ. ಆದ್ರ ಹನ್ನೆರಡನೇ ಮಾಳಿಗಿ ಮ್ಯಾಲ ಈಜೋ ಹೊಂಡ! ನಾವೇ ಸ್ಲ್ಯಾಬ್ ಹಾಕಿದ್ದು. ಅದರ ಕೆಳಗ ನಿಂತು ಒಂದು ಕೊಡ ನೀರಿಗೆ ನಾವು ಪಾಳಿ ಹಚ್ಚತಿದ್ವಿ.

ರೇಣುಕಾ: ನಾ ಹೇಳೋದೂ ಅದೇ ಮಾಮಾ. ಹೊಳಿ ಇಲ್ಲದ ಊರಿನಿಂದ ಮೂರು ಮಂದಿ ಒಲಿಂಪಿಕ್ಸಿಗೆ ಹೋದ್ರು. ನಮಗ ಮ್ಯಾಲ ಕೃಷ್ಣಾ, ಕೆಳಗ ತುಂಗಭದ್ರಾ. ನಮ್ಮ ಹಾಸ್ಟೆಲ್ಲಿನಾಗ ಅರವತ್ತು ಹುಡುಗ್ಯಾರು, ಈಜು ಬರೋದು ಒಬ್ಬಾಕಿಗೂ ಇಲ್ಲ.

ಮಲ್ಲಪ್ಪ: ಹೊಳ್ಯಾಗ ಮೊಸಳಿ ಅವ.

ರೇಣುಕಾ: ತಮ್ಮ ದಿನಾ ಹೋಗ್ತಾನ. ಮೊಸಳಿ ಗಂಡುಮಕ್ಕಳನ್ನ ತಿನ್ನಂಗಿಲ್ಲೇನು?

ಶರಣವ್ವ: (ನಕ್ಕು) ಅದಕ್ಕೂ ರುಚಿ ಗೊತ್ತದ.

ಮಲ್ಲಪ್ಪ: ಹೊಳಿ ನಂಬಬಾರದವ್ವಾ. ಹಿಂದೊಮ್ಮೆ ಹೊಸಪೇಟಿ ಡ್ಯಾಮಿಂದು ಗೇಟು ಕಿತ್ತು ಹೋಗಲಿಲ್ಲೇನು?

ರೇಣುಕಾ: ಗೊತ್ತಪ್ಪಾ. 2024ರ ಆಗಸ್ಟ್ 10ರ ರಾತ್ರಿ, 19ನೇ ಗೇಟು. ಅದೇ ದಿನ ಪ್ಯಾರಿಸಿನಾಗ ಹೆಣ್ಮಕ್ಕಳ ವಾಟರ್ ಪೋಲೋ ಫೈನಲ್. ಸ್ಪೇನ್ 11, ಆಸ್ಟ್ರೇಲಿಯಾ 9.

ಅಮರಪ್ಪ: ಅಲ್ಲಿ ಹನ್ನೊಂದು ಗೋಲು. ಇಲ್ಲಿ ಮೂವತ್ಮೂರು ಗೋಲಿಗಳ ಪೈಕಿ ಒಬ್ಬಾಂವನ ಚೈನು ಹರದು ಒಂದು ವಾರ ಬರೇ ಗೋಲೇ ಗೋಲು!

ಮಲ್ಲಪ್ಪ: ನೀವು ನಗತೀರಿ ಭಾವಾ. ಆ ನೀರು ಸಮುದ್ರಕ್ಕ ಹೊಂಟಾಗ ನನಗ ನಿದ್ದಿ ಇರಲಿಲ್ಲ. ಅದು ಖರೇ ವಾಟರ್ ಪೋಲು. ಇಲ್ಲ ಯವ್ವಾ, ಈ ಪೋಲು ಪೋಲೋ ನಮ್ಮ ಮನಿತನಕ್ಕ ಒಗ್ಗಂಗಿಲ್ಲ. ನಮ್ಮ ವಂಶದಾಗ ಯಾರೂ ಆಡಿದ್ದಿಲ್ಲ.

ರೇಣುಕಾ: ಪೋಲೋ ನಮ್ಮ ಜಿಲ್ಲೆಗೆ ಹೊಸಾದಲ್ಲಪ್ಪಾ. 1948ರಾಗ ಹೈದರಾಬಾದ್ ಮ್ಯಾಲ ಮಿಲಿಟ್ರಿ ಬಂತಲ್ಲ, ಅದರ ಗುಟ್ಟಿನ ಹೆಸರೇ ಆಪರೇಷನ್ ಪೋಲೋ. ಹೈದರಾಬಾದಿನಾಗ ಪೋಲೋ ಮೈದಾನ ಬಹಳ ಇದ್ವಂತ, ಅದಕ್ಕ. ಸೆಪ್ಟೆಂಬರ್ 13ಕ್ಕ ಸುರು, 17ಕ್ಕ ನಿಜಾಮ ಸೋಲೊಪ್ಪಿದ. ಪ್ರತಿ ವರ್ಷ ಝಂಡಾ ಹಾರಿಸಿ ಬೂಂದಿ ಕೊಡೋದು ಅದಕ್ಕೇ.

ಶರಣವ್ವ: (ಎಲೆ ಅಡಿಕೆ ಚೀಲ ಕಟ್ಟಿಡುತ್ತ) ಪೊಲೀಸ್ ಆ್ಯಕ್ಷನ್ನಾ?

ರೇಣುಕಾ: ಹೌದು ಆಯಿ.

ಶರಣವ್ವ: ಅದರ ಹಿಂದಿನ ತಿಂಗಳು ರಜಾಕಾರರ ಗದ್ದಲ ಹೆಚ್ಚಾಗಿತ್ತು. ನಮ್ಮ ಊರು ಹೊಳಿ ದಂಡಿಗೆ. ಆ ದಂಡಿ ಆದವಾನಿ ಕಡಿ, ಮದ್ರಾಸಿನೋರ ರಾಜ್ಯ, ಅಲ್ಲಿ ಅಂಜಿಕಿ ಇರಲಿಲ್ಲ. ಒಂದು ರಾತ್ರಿ ಮಂದಿ ಎಲ್ಲಾ ಎದ್ದು ಹೊಂಟ್ರು. ಹರಗೋಲು ಒಂದೇ ಇತ್ತು, ತುಂಬಿ ಹೋತು. ನಮ್ಮವ್ವ ಸೊಂಟಕ್ಕ ಎರಡು ಸೋರಿಬುರುಡಿ ಕಟ್ಟಿಗೊಂಡು ಇಳದ್ಲು. ಶ್ರಾವಣದ ಹೊಳಿ, ದಂಡಿಗುಂಟ ತುಂಬಿತ್ತು.

ಮಲ್ಲಪ್ಪ: ಇದನ್ನ ಎಂದೂ ಹೇಳಿಲ್ಲಲ್ಲಬೇ ನೀನು?

ಶರಣವ್ವ: ನೀ ಯಾವಾಗ ಕೇಳಿದಿ? ನಿನಗ ಗೇಜಿಂದೇ ಚಿಂತಿ. ಒಂದು ಕೈಲೆ ಕೂಸು ಮ್ಯಾಲೆತ್ತಿ ಹಿಡದ್ಲು, ಒಂದು ಕೈಲೆ ನೀರು ಸರಿಸಿದ್ಲು. ಕಾಲಿಗೆ ನೆಲ ಹತ್ತಿದ್ದು ಆ ದಂಡ್ಯಾಗ.

ರೇಣುಕಾ: ಒಂದೇ ಕೈ! ಕಾಲು ನೆಲಕ್ಕ ಹತ್ತಿಲ್ಲ! ಆಯಿ, ಇದು ಪೂರಾ ರೂಲ್ಸ್ ಪ್ರಕಾರ ಅದ!

ಅಮರಪ್ಪ: ಅತ್ತಿ, ಆ ಕೂಸು ಯಾರು?

ಶರಣವ್ವ: ಆ ಚೆಂಡು ನಾನೇ, ಅಳಿಯಂದ್ರ.

(ಅಂಗಡಿಯವನ ಬಾಣಲೆಯಲ್ಲಿ ಮಿರ್ಚಿ ಚುಂಯ್ ಎನ್ನುವುದು ಬಿಟ್ಟರೆ ಬೇರೆ ಸದ್ದಿಲ್ಲ.)

ಮಲ್ಲಪ್ಪ: ಅದು... ಜೀವದ ಮಾತು. ಇದು ಆಟ.

ಶರಣವ್ವ: ಈಸು ಬರ್ತಿತ್ತು, ಅದಕ್ಕ ಜೀವ ಉಳೀತು. ಬರದಿದ್ರ ನಾನೆಲ್ಲಿ, ನೀನೆಲ್ಲಿ, ನಿನ್ನ ಗೇಜ್ ಎಲ್ಲಿ? ಏ ಹುಡುಗಿ, ಆ ಹಾಳಿ ತಾ ಇಲ್ಲಿ. ಏನು ಬರದಾರ ಅದರಾಗ?

ರೇಣುಕಾ: ಪೋಷಕರ ಸಹಿ ಅಂತ.

ಶರಣವ್ವ: ಪೋಷಕರು ಅಂದ್ರ ಯಾರು?

ರೇಣುಕಾ: ಸಾಕಿದೋರು.

ಶರಣವ್ವ: ಇವನ್ನ ಸಾಕಿದಾಕಿ ನಾನು. ನಿನ್ನ ಸಾಕಿದಾಕಿನೂ ನಾನು.

(ಶರಣವ್ವ ಮಿರ್ಚಿ ತಿಂದ ಹೆಬ್ಬೆರಳನ್ನು ಒರೆಸಿಕೊಳ್ಳಲಿಲ್ಲ. ಹಾಗೆಯೇ ಫಾರ್ಮಿನ ಮೇಲೆ ಒತ್ತಿದಳು. ಗುಂಡಗೆ, ಹಳದಿಯಾಗಿ, ಗೆರೆಗೆರೆ ಕಾಣುವಂತೆ ಎಣ್ಣೆಯ ಹೆಬ್ಬೆಟ್ಟು ಮೂಡಿತು.)

ರೇಣುಕಾ: ಆಯಿ! ಎಣ್ಣಿ!

ಅಮರಪ್ಪ: ಚಲೋ ಆತು ಬಿಡು. ನೀರಾಗ ಬಿದ್ರೂ ಅಳಿಸಂಗಿಲ್ಲ.

(ಮಲ್ಲಪ್ಪ ಬಹಳ ಹೊತ್ತು ಆ ಹೆಬ್ಬೆಟ್ಟನ್ನೇ ನೋಡಿದ. ಆಮೇಲೆ ಪೆನ್ನು ಇಸಿದುಕೊಂಡು ಅದರ ಪಕ್ಕದಲ್ಲಿ ತನ್ನ ಹೆಸರು ಬರೆದ. ಹೆಸರಿನ ಮುಂದೆ, ಸೊಸೈಟಿ ಕಾಗದಗಳ ರೂಢಿಯಂತೆ, 'ಸಾಕ್ಷಿ' ಎಂದು ಸೇರಿಸಿದ.)

ಮಲ್ಲಪ್ಪ: ಬೆಂಗಳೂರಿನ ಬಸ್ ಚಾರ್ಜು ಎಷ್ಟಾಗ್ತದ?

ರೇಣುಕಾ: ಸಾದಾ ಬಸ್ಸಾದ್ರ ಹೆಣ್ಮಕ್ಕಳಿಗೆ ಫ್ರೀ ಅಪ್ಪಾ. ಆಧಾರ್ ಕಾರ್ಡು ಅದ.

ಮಲ್ಲಪ್ಪ: ಬಿಟ್ಟು ಬರಾಕ ನಾ ಬರ್ತೀನಿ.

ರೇಣುಕಾ: ನಿಂದು ಹತ್ತತದ.

(ಮಾನ್ವಿ ಬಸ್ಸು ಧೂಳೆಬ್ಬಿಸಿಕೊಂಡು ಬಂತು. ಶರಣವ್ವ ಎಲ್ಲರಿಗಿಂತ ಮೊದಲು ಹತ್ತಿ ಕಿಟಕಿ ಸೀಟು ಹಿಡಿದಳು.)

ಕಂಡಕ್ಟರ್: ಎಲ್ಲಿಗ್ರಿ?

ಮಲ್ಲಪ್ಪ: ಮಾನ್ವಿ, ಮೂರು.

ಕಂಡಕ್ಟರ್: ಮುದುಕಿ ಫ್ರೀ, ಹುಡುಗಿ ಫ್ರೀ. ನಿಮ್ಮದೊಂದು ರೊಕ್ಕ ತೆಗೀರಿ. ಚಿಲ್ಲರ ಇರಬೇಕು ನೋಡ್ರಿ.