ಕೋಸಂಬರಿಗೆ ಥಂಡಿ

ಧಾರವಾಡದಿಂದ ಅಮೆರಿಕಕ್ಕೆ ಹೊರಟವರ ಒಂದು ಪೆಟ್ಟಿಗೆಗೆ ವಿಮಾನದವರು ಸಾಮಾನ್ಯವಾಗಿ ಕೊಡುವುದು 23 ಕಿಲೊ. ರಂಜಕ, ಗುಳಂಬ, ನಿಂಬಿಕಾಯಿ ಉಪ್ಪಿನಕಾಯಿ ಕೂತ ಮೇಲೆ ಉಳಿದ ಸಂದಿಯಲ್ಲಿ ಬಟ್ಟೆ. ಇಷ್ಟಾದರೂ ನ್ಯೂಜೆರ್ಸಿಯ ನಮ್ಮ ಮನೆಯಲ್ಲಿ ದೀಪಾವಳಿ ಹೊತ್ತಿಗೆ ಭರಣಿಯ ತಳ ಕಾಣುತ್ತದೆ. ಆಗ ನನ್ನ ಹೆಂಡತಿ ಇಲ್ಲಿನವರ ಹಾಗೆ ಫ್ರಿಜ್ ಉಪ್ಪಿನಕಾಯಿಗೆ ಕೈ ಹಚ್ಚುತ್ತಾಳೆ.

ಅರ್ಧ ತಾಸಿನ ಕೆಲಸ. ಬಿಲ್ಲೆ ಹೆಚ್ಚಿದ ಎಳೆ ಸವತಿಕಾಯಿ, ಬೆಳ್ಳುಳ್ಳಿ, ಸಾಸಿವೆ, ಕರಿಮೆಣಸು ಗಾಜಿನ ಬಾಟಲಿಗೆ. ಒಂದು ಕಪ್ ವಿನೆಗರ್, ಅಷ್ಟೇ ನೀರು, ಅರ್ಧ ಕಪ್ ಸಕ್ಕರೆ, ಒಂದು ದೊಡ್ಡ ಚಮಚ ಉಪ್ಪು ಕುದಿಸಿ ಸುರಿದು, ಆರಿದ ಮೇಲೆ ಫ್ರಿಜ್ಜಿಗೆ. ಮರುದಿನವೇ ಊಟಕ್ಕೆ.

ಈ ಸಲ ಧಾರವಾಡದ ಮಾಳಮಡ್ಡಿಯಿಂದ ಬಂದ ಅವ್ವ ಪಕ್ಕದಲ್ಲೇ ನಿಂತಿದ್ದಳು.

"ಒದ್ದಿ ಚಮಚಾ ಭರಣ್ಯಾಗ ಹಾಕಿದ್ರ ಇವನ ಕೈ ಮ್ಯಾಲೆ ಹೊಡೀತಿದ್ದೆ. ನೀ ನೀರನ್ನೇ ಸುರವಿದೆಲ್ಲವ್ವಾ!"

"ಅತ್ತೀ, ಇದಕ್ಕ ಬಿಸಲೂ ಬ್ಯಾಡ, ಎಣ್ಣಿನೂ ಬ್ಯಾಡ."

"ಹಂಗಾರ ಇದು ಉಪ್ಪಿನಕಾಯಿ ಅಲ್ಲ. ಕೋಸಂಬರಿಗೆ ಥಂಡಿ ಹತ್ತೇದ."

ಊರಿನ ಉಪ್ಪಿನಕಾಯಿಯನ್ನು ವರ್ಷಗಟ್ಟಲೆ ಕಾಯುವುದು ಧಾರಾಳ ಉಪ್ಪು, ಹುಳಿ, ಎಣ್ಣೆ. ಇದರಲ್ಲಿ ಉಪ್ಪು ಕಡಿಮೆ, ಹುಳಿಯ ಜೊತೆ ತಂಪೂ ಕಾವಲಿಗೆ ಬೇಕು. ಇದನ್ನು ನಾನು ವಿವರಿಸುವಷ್ಟರಲ್ಲಿ ಅವ್ವ ಬಾಟಲಿಯನ್ನು ಕಿಟಕಿಯ ಬಿಸಿಲಿಗೆ ಇಟ್ಟಾಗಿತ್ತು. ನಾನು ಫ್ರಿಜ್ಜಿಗೆ ತಂದೆ, ಅವಳು ಕಿಟಕಿಗೆ ಒಯ್ದಳು. ಹುಬ್ಬಳ್ಳಿಗೂ ಧಾರವಾಡಕ್ಕೂ 20 ಕಿಲೋಮೀಟರ್. ಸಂಜೆಯೊಳಗೆ ಬಾಟಲಿ ಅಷ್ಟು ದೂರ ಸವೆಸಿರಬೇಕು. ಕೊನೆಗೆ ಅದನ್ನು ಚೆಲ್ಲಬೇಕಾಯಿತು.

ಮುಂದಿನ ಬಾಟಲಿ ಅವ್ವನದೇ. ಸಕ್ಕರೆ ಹೋಗಿ ಬೆಲ್ಲ ಬಂತು, ಕರಿಮೆಣಸು ಹೋಗಿ ಬ್ಯಾಡಗಿ ಮೆಣಸಿನಕಾಯಿ, ಮೇಲೆ ಹುರಿದ ಮೆಂತ್ಯ. 2011ರಲ್ಲಿ ಜಿಐ ಮಾನ್ಯತೆ ಪಡೆದ ಬ್ಯಾಡಗಿಗೆ ಬಣ್ಣ ಬಹಳ, ಖಾರ ಅಷ್ಟಕ್ಕಷ್ಟೇ (ನಮ್ಮ ಬಳಗದಲ್ಲೂ ಅಂಥ ಕೆಲವರಿದ್ದಾರೆ, ಇರಲಿ). ಆ ಕೆಂಪು ನೋಡಿ ಹಿಂಜರಿದ ಪಕ್ಕದ ಮನೆಯ ಅಮೆರಿಕನ್ ಅಜ್ಜ ಒಂದು ಬಿಲ್ಲೆ ತಿಂದು, ಬಾಟಲಿಯನ್ನೇ ಕೇಳಿದ.

"ಒಯ್ಯಲಿ ಬಿಡು," ಎಂದಳು ಅವ್ವ, "ಒಣಾ ಚಮಚಾ ಹಾಕಂತ ಹೇಳು."

ಜೋಳದ ರೊಟ್ಟಿಗೆ ಇದು ರಂಜಕದ ಸಮ ಅಲ್ಲ. ಬಿಸಿ ಅನ್ನ-ತವ್ವಿಗೆ ಅಡ್ಡಿಯಿಲ್ಲ. ಮಾಡುವವರು ವಿನೆಗರ್ ಅಳತೆ ತಗ್ಗಿಸಬೇಡಿ, ತಿಂಗಳೊಳಗೆ ತಿಂದು ಮುಗಿಸಿ.