ಮ್ಯಾನ್ಯುಯಲ್ ಮಾವ

ಡೊಂಬಿವಲಿಯ ಕನ್ನಡಿಗರಲ್ಲಿ ಹೋಟೆಲಿನವರು, ಬ್ಯಾಂಕಿನವರು ಬಿಟ್ಟರೆ ಮೂರನೆಯ ಪಂಗಡ ಬಾಯ್ಲರಿನವರದು. ಸಂಖ್ಯೆ ಕಡಿಮೆ, ಸದ್ದು ಜಾಸ್ತಿ. ಪರೀಕ್ಷೆ ಕಟ್ಟಿ ಗಿಟ್ಟಿಸಿದ ಫಸ್ಟ್ ಕ್ಲಾಸ್ ಬಾಯ್ಲರ್ ಅಟೆಂಡೆಂಟ್ ಸರ್ಟಿಫಿಕೇಟಿಗೆ ಮಾವ ಫ್ರೇಮು ಹಾಕಿಸಿ ದೇವರಕೋಣೆಯಲ್ಲಿ ವೆಂಕಟರಮಣನ ಪಕ್ಕ ತೂಗುಹಾಕಿದ್ದಾರೆ. ಮದುವೆ ಫೋಟೊ ಇರುವುದು ಬಾಗಿಲ ಹಿಂದೆ.

ಕೆಲಸದಲ್ಲಿದ್ದಾಗ ಬೆಳಗ್ಗೆ ಫಾಸ್ಟ್ ಲೋಕಲ್, ಠಾಣೆಯಲ್ಲಿ ಇಳಿದು ವಾಶಿ ಗಾಡಿ, ರಬಾಳೆಯಲ್ಲಿ ಕಾರ್ಖಾನೆ. ಎಸಿ ಲೋಕಲ್ ಮಾತ್ರ ಹತ್ತುತ್ತಿರಲಿಲ್ಲ. "ಬಾಗಿಲು ತಾನೇ ಹಾಕ್ಕೊಳ್ತದಂತೆ. ಯಾರನ್ನ ಕೇಳಿ?"

ಆಟೊಮ್ಯಾಟಿಕ್ ಎಂದರೆ ಅಷ್ಟು ಗುಮಾನಿ. ಆದರೆ ಬಾಯ್ಲರ್ ಪ್ಯಾನೆಲ್ಲಿನ ಸ್ವಿಚ್ಚು ಮ್ಯಾನ್ಯುಯಲ್‌ಗೆ ತಿರುಗಿತೋ, ಮಾವನ ಮೈಮೇಲೆ ಬಂದಂತೆಯೇ. ಬಾಯ್ಲರಿಗೆ ನೀರೂಡಿಸುವ ಫೀಡ್ ಪಂಪು ಇನ್ನು ತಾನಾಗಿ ಶುರುವಾಗದು, ತಾನಾಗಿ ನಿಲ್ಲದು. ನೀರಿನ ಮಟ್ಟ ತೋರಿಸುವ ಗೇಜ್ ಗ್ಲಾಸಿನೆದುರು ಸ್ಟೂಲು ಎಳೆದು ಕೂತರೆಂದರೆ ಚಹಾ ಅಲ್ಲಿಗೇ ಬರಬೇಕಿತ್ತು, ಫೋನು ಲಾಕರಿಗೆ ಹೋಗಬೇಕಿತ್ತು. ಮ್ಯಾನೇಜರು ಮಾತಾಡಿಸಿದರೂ ಉತ್ತರ ಕೊಡುತ್ತಿದ್ದುದು ಗ್ಲಾಸಿನ ಕಡೆ ನೋಡಿಕೊಂಡೇ. ಅಲಾರಂ ಕಿರಿಕಿರಿಯೆಂದು ಹೊಸ ಹುಡುಗನೊಬ್ಬ ನೀರು ತಗ್ಗಿದರೆ ಬೆಂಕಿ ನಿಲ್ಲಿಸುವ ಲೋ-ವಾಟರ್ ಕಟಾಫಿಗೆ ವಯರಿನ ತುಂಡು ಸಿಕ್ಕಿಸಲು ಹೋದಾಗ ಇಡೀ ಶೆಡ್ಡಿಗೆ ಕೇಳಿಸಿತು: "ಬೈಪಾಸ್ ಹೃದಯಕ್ಕೆ ಮಾಡ್ತಾರೆ ತಮ್ಮಾ, ಅದೂ ಡಾಕ್ಟರು! ನಿನ್ನ ಕೈಗೆ ಬಂದಿರೋದು ಪಂಪು, ಕಟಾಫ್ ಅಲ್ಲ."

ಹತ್ತು ಕಿಲೊ ಪ್ರೆಶರಿನಲ್ಲಿ ಉಗಿಯ ಶಾಖ 180 ಡಿಗ್ರಿ ದಾಟಿರುತ್ತದೆ ಎಂಬುದನ್ನು ನಾಮಕರಣದ ಊಟದಲ್ಲೂ ಹೇಳುತ್ತಾರೆ. ಅದರ ಬೆನ್ನಿಗೇ ಎರಡನೆಯ ಪಾಠ: ಗ್ಲಾಸಿನಲ್ಲಿ ನೀರೇ ಕಾಣದಿದ್ದರೆ ಗಾಬರಿಬಿದ್ದು ಪಂಪು ಹಾಕಬಾರದು, ಮೊದಲು ಬೆಂಕಿ ನಿಲ್ಲಿಸಬೇಕು, ಕಾದು ಕೆಂಪಾದ ಟ್ಯೂಬಿಗೆ ನೀರು ತಾಗಿದರೆ ಒಮ್ಮೆಗೇ ಉಗಿಯೆದ್ದು ಬಾಯ್ಲರೇ ಒಡೆದೀತು. ಈ ಜ್ಞಾನದ ಬಿಸಿ ತಟ್ಟುವುದು ಅತ್ತೆಗೆ. ಕಾದ ಕಾವಲಿಗೆ ಅವರು ನೀರು ಚಿಮುಕಿಸಿ ಚುಂಯ್ ಎನ್ನಿಸಿದರೆ ಹಾಲಿನಿಂದ ಕೂಗು: "ಮೊದಲು ಗ್ಯಾಸ್ ಬಂದ್ ಮಾಡೇ!"

"ನಿಮ್ಮ ಸರ್ಟಿಫಿಕೇಟು ಕಾವಲಿಗೆ ನಡೆಯೋದಿಲ್ಲ. ತಟ್ಟೆ ತಗೊಳ್ಳಿ."

ಮೊದಲೆಲ್ಲ ಈ ಭಾಷಣಕ್ಕೆ ಜನ ಆಕಳಿಸುತ್ತಿದ್ದರು. 2016ರ ಮೇ 26, ಮತ್ತೆ 2024ರ ಮೇ 23: ಎರಡು ಸಲವೂ ಡೊಂಬಿವಲಿಯ ಎಂಐಡಿಸಿ ಕೈಗಾರಿಕಾ ಪ್ರದೇಶದ ರಾಸಾಯನಿಕ ಕಾರ್ಖಾನೆಗಳಲ್ಲಿ ಸ್ಫೋಟವಾಗಿ ಜೀವಗಳು ಹೋದವು, ದೂರದ ಮನೆಗಳ ಕಿಟಕಿ ಗಾಜೂ ಉದುರಿತು. ಈಗ ಯಾರೂ ಆಕಳಿಸುವುದಿಲ್ಲ. 2024ರಲ್ಲಿ ಮೊದಲ ಸುದ್ದಿ ಬಾಯ್ಲರ್ ಸ್ಫೋಟವೆಂದೇ ಬಂತು. ಒಡೆದದ್ದು ರಿಯಾಕ್ಟರ್ ಎಂದು ಆಮೇಲೆ ತಿಳಿಯಿತು. ಸತ್ತವರಿಗಾಗಿ ಆ ರಾತ್ರಿ ಊಟ ಬಿಟ್ಟ ಮಾವ, ಬಾಯ್ಲರಿಗೆ ಬಂದ ಅಪವಾದಕ್ಕೆ ಇವತ್ತಿಗೂ ರೇಗುತ್ತಾರೆ: "ಏನು ಒಡೆದರೂ ನಮ್ಮ ಹೆಸರೇ!"

ರಿಟೈರಾದ ಮೇಲೆ ಉಳಿದಿರುವುದು ಹೌಸಿಂಗ್ ಸೊಸೈಟಿಯ ಪಂಪು. ಕಮಿಟಿಯವರು ಟ್ಯಾಂಕಿಗೆ ಆಟೊಮ್ಯಾಟಿಕ್ ಸೆನ್ಸರ್ ಹಾಕಿಸಿಬಿಟ್ಟಿದ್ದಾರೆ. ಮಾವ ದಿನಾ ಬೆಳಗ್ಗೆ ಐದೂವರೆಗೆ ಟೆರೇಸು ಹತ್ತಿ, ಅದು ಸಮಯಕ್ಕೆ ಸರಿಯಾಗಿ ನಿಲ್ಲುತ್ತದೆಯೇ ಎಂದು ಟಾರ್ಚು ಬಿಟ್ಟು ನೋಡಿ ಇಳಿಯುತ್ತಾರೆ. ಇದುವರೆಗೆ ಒಮ್ಮೆಯೂ ತಪ್ಪಿಲ್ಲ. ಅವರಿಗೆ ಅದೇ ಬೇಜಾರು.